ಮಹಾಶೂನ್ಯದ ಡ್ಯೂಟಿ

ಮಾರ್ಚ್ 4, ಮಂಗಳವಾರ

ಹತ್ತೊಂಬತ್ತು ವರ್ಷ ಡೈನೋಸಾರ್‌ಗಳ ಕಾಲಬುಡದಲ್ಲಿ ನಿಂತು ಜನರಿಗೆ ವಿವರಣೆ ಕೊಟ್ಟ ನನಗೆ ಇಂದು ವರ್ಗಾವಣೆಯ ಆದೇಶ ಬಂತು. ದೂರವೇನಲ್ಲ, ಅದೇ ವಿಜ್ಞಾನ ವಸ್ತುಸಂಗ್ರಹಾಲಯ, ನೆಲಮಹಡಿಯಿಂದ ಮೂರನೆಯ ಮಹಡಿಗೆ. ಆದರೆ ಅವಮಾನವನ್ನು ಮೆಟ್ಟಿಲು ಎಣಿಸಿ ಅಳೆಯಲಾಗುವುದಿಲ್ಲ.

ಕಾರಣ ನನಗೆ ಗೊತ್ತು. ಹೋದ ವಾರ ನಿರ್ದೇಶಕರು ಯಾರೋ ದೊಡ್ಡ ಅತಿಥಿಯನ್ನು ಕರೆತಂದು ಉದ್ದ ಕತ್ತಿನ ಡೈನೋಸಾರ್ ತೋರಿಸಿ, “ಇದು ಮನುಷ್ಯನನ್ನ ಒಂದೇ ತುತ್ತಿಗೆ ನುಂಗಿಬಿಡ್ತಿತ್ತು” ಎಂದರು. ನಾನು, “ಸಾರ್, ಇದು ಸೊಪ್ಪು ತಿನ್ನೋ ಪ್ರಾಣಿ. ಮೇಲಾಗಿ ಆಗಿನ್ನೂ ಮನುಷ್ಯರೇ ಇರಲಿಲ್ಲ” ಎಂದೆ. ಅತಿಥಿ ಗಹಗಹಿಸಿ ನಕ್ಕರು. ಅವರು ಸುಮ್ಮನಿದ್ದಿದ್ದರೆ ನಾನು ಈಗಲೂ ಕೆಳಗೇ ಇರುತ್ತಿದ್ದೆ. ನನ್ನ ಜಾಗಕ್ಕೆ ಕಿವಿಗೆ ಹಾಕಿಕೊಳ್ಳುವ ಯಂತ್ರ ಬಂದಿದೆ. ಗುಂಡಿ ಒತ್ತಿದರೆ ವಿವರಣೆ ಬರುತ್ತದೆ, ಮತ್ತೆ ಒತ್ತಿದರೆ ನಿಲ್ಲುತ್ತದೆ.

“ಆ ನಿಲ್ಲಿಸೋ ಗುಂಡಿ ಜನಕ್ಕೆ ತುಂಬಾ ಇಷ್ಟ ಆಗಿದೆ ಮೇಡಂ” ಎಂದರು ನಿರ್ದೇಶಕರು, ನನ್ನ ಮುಖ ನೋಡದೆ.

ಹೊಸ ಜಾಗದ ಹೆಸರು ‘ಮಹಾಶೂನ್ಯ’. ಗೆಲಾಕ್ಸಿಗಳ ನಡುವೆ ಕೋಟ್ಯಂತರ ಜ್ಯೋತಿರ್ವರ್ಷ ಅಗಲದ ಖಾಲಿ ಪ್ರದೇಶಗಳಿವೆಯಂತೆ; ಅದನ್ನು ತೋರಿಸುವ ಕೋಣೆ. ಕಿಟಕಿಯಿಲ್ಲ. ಗೋಡೆ, ನೆಲ, ಸೂರು ಎಲ್ಲ ಕಪ್ಪು. ಸೂರಿನಿಂದ ಸಾಸಿವೆ ಕಾಳಿನಷ್ಟು ಅರವತ್ತು ದೀಪ ಇಳಿಬಿಟ್ಟಿದ್ದಾರೆ. ಅಷ್ಟೇ.

“ಇಲ್ಲಿ ಏನೂ ಇಲ್ಲವಲ್ಲ ಸಾರ್.”

“ವಿಶ್ವದ ಬಹುಪಾಲು ಇದೇ ಮೇಡಂ. ಬಹುಪಾಲು ವಿಶ್ವಾನೇ ನಿಮ್ಮ ಕೈಗೆ ಕೊಟ್ಟಿದ್ದೀನಿ.”

ಏಪ್ರಿಲ್ 12ಕ್ಕೆ ಸಮಿತಿ ಬಂದು ನೋಡುತ್ತದೆ. ಅಷ್ಟರಲ್ಲಿ ದಿನಕ್ಕೆ ಐವತ್ತು ಜನ ಬರುವಂತಾಗದಿದ್ದರೆ ಕೋಣೆ ಕುರ್ಚಿ ಗೋದಾಮು ಆಗುತ್ತದೆ. ನಾನು ಗೇಟಿನ ಪಕ್ಕ ಬ್ಯಾಗಿಗೆ ಟೋಕನ್ ಕೊಡುವವಳಾಗುತ್ತೇನೆ.

ಮನೆಗೆ ಬರುವಾಗ ಬಸ್ಸಿನಲ್ಲಿ ಕ್ಯಾಂಟೀನಿನಾಕೆ ಮುಂದಿನ ಸೀಟಿನಲ್ಲಿದ್ದಳು. ಸುದ್ದಿ ಅವಳಿಗೂ ಮುಟ್ಟಿರುತ್ತದೆ. ಹುಟ್ಟಿನಿಂದ ಅವಳು ನನ್ನ ತಂಗಿ. ಎಂಟು ತಿಂಗಳಿಂದ ಕ್ಯಾಂಟೀನಿನಾಕೆ ಮಾತ್ರ. ಎಲ್ಲರೆದುರು ಅವಳ ಚಹಾವನ್ನು ‘ಡೈನೋಸಾರ್ ಸ್ನಾನ ಮಾಡಿದ ನೀರು’ ಎಂದಿದ್ದೆ. ತಮಾಷೆಗೆ ಹೇಳಿದ್ದು. ಅಂದಿನಿಂದ ಮಾತಿಲ್ಲ. ಒಂದೇ ಮನೆ, ಒಂದೇ ಬಸ್ಸು, ಬೇರೆ ಬೇರೆ ಸೀಟು. ಅಗತ್ಯ ಬಿದ್ದರೆ ಅಡುಗೆಮನೆಯ ಸ್ಲೇಟಿನಲ್ಲಿ ಬರೆಯುತ್ತೇವೆ. ಇಂದು ಅವಳು ಬರೆದದ್ದು: “ಬಚ್ಚಲ ನಲ್ಲಿ ಸೋರುತಿದೆ.”

‘ಸೋರುತ್ತಿದೆ’ ಎಂದು ತಿದ್ದಿದೆ. ತಪ್ಪನ್ನು ನೋಡಿ ಸುಮ್ಮನಿರುವುದು ನನ್ನಿಂದಾಗದು.

ಮಾರ್ಚ್ 5, ಬುಧವಾರ

ದೀಪ ಎಣಿಸಿದೆ. ಐವತ್ತಮೂರೇ ಉರಿಯುತ್ತಿವೆ. ಎಲೆಕ್ಟ್ರಿಷಿಯನ್ನನ್ನು ಕರೆಸಿದೆ. ಮೇಲೆ ನೋಡಿದ, ತಲೆ ಕೆರೆದುಕೊಂಡ.

“ಏಳು ಗೆಲಾಕ್ಸಿ ಫ್ಯೂಸ್ ಆಗಿದೆ ಅಕ್ಕ. ಸ್ಟಾಕ್ ಇಲ್ಲ.”

ಮೊದಲ ಸಂದರ್ಶಕರು ಗಂಡಹೆಂಡತಿ. ಗಂಡ ಬಾಗಿಲಿನಲ್ಲೇ ನಿಂತು ಇಣುಕಿ, “ಏನೂ ಇಲ್ಲವಲ್ಲ” ಎಂದ.

“ಹೌದು ಸಾರ್, ಅದೇ ಇರೋದು.”

“ಯಾವಾಗ ರೆಡಿ ಆಗುತ್ತೆ?”

“ರೆಡಿ ಆಗಿದೆ ಸಾರ್.”

ಆತ ದೂರು ಪುಸ್ತಕ ಕೇಳಿ ತರಿಸಿಕೊಂಡು ‘ಕೋಣೆಯಲ್ಲಿ ಏನೂ ಇಲ್ಲ’ ಎಂದು ಬರೆದ. ನಿಯಮದ ಪ್ರಕಾರ ಕೆಳಗೆ ನಾನು ‘ಪರಿಶೀಲಿಸಲಾಗಿದೆ, ಸರಿಯಾಗಿದೆ’ ಎಂದು ಸಹಿ ಹಾಕಿದೆ.

ಒಟ್ಟು ಸಂದರ್ಶಕರು: ಇಬ್ಬರು. ಬಾಗಿಲಾಚೆ ನಿಂತವರನ್ನು ಲೆಕ್ಕಕ್ಕೆ ಹಿಡಿದರೆ.

ಮಾರ್ಚ್ 11, ಮಂಗಳವಾರ

ಗ್ರಂಥಾಲಯದಿಂದ ನಾಲ್ಕು ಪುಸ್ತಕ ತಂದು ಓದಿದೆ. ಹೇಳುವುದಕ್ಕೆ ಬೇಕಾದಷ್ಟಿದೆ. ಈ ಕೋಣೆ ತೋರಿಸುವ ಶೂನ್ಯದ ಅಗಲವೇ ಮೂವತ್ತಮೂರು ಕೋಟಿ ಜ್ಯೋತಿರ್ವರ್ಷ! ಎರಡು ಸಾವಿರ ಗೆಲಾಕ್ಸಿ ಇರಬೇಕಾದ ಜಾಗದಲ್ಲಿ ಸಿಕ್ಕಿದ್ದು ಅರವತ್ತು ಚಿಲ್ಲರೆ.

ಇಂದು ಒಬ್ಬ ಸಭ್ಯ ಮನುಷ್ಯ ಸಿಕ್ಕ. ಐವತ್ತು ನಿಮಿಷ ವಿವರಿಸಿದೆ. ಕೊನೆಗೆ ಶೌಚಾಲಯ ಎಲ್ಲಿದೆ ಎಂದು ಕೇಳಿ ಹೋದವನು ಹಿಂತಿರುಗಲಿಲ್ಲ. ಪಾಪ, ಹೊಟ್ಟೆ ಸರಿ ಇರಲಿಲ್ಲವೋ ಏನೋ.

ಒಟ್ಟು: ಒಬ್ಬ.

ಮಾರ್ಚ್ 14, ಶುಕ್ರವಾರ

ಇವರಿಗೆಲ್ಲ ಏನಾಗಿದೆ! ಬೆಳಿಗ್ಗೆ ಬಂದು ನೋಡುತ್ತೇನೆ, ನನ್ನ ಕೋಣೆಯಲ್ಲಿ ಕೆಟ್ಟ ಪ್ರೊಜೆಕ್ಟರು, ಸುತ್ತಿಟ್ಟ ಜಮಖಾನ, ಮತ್ತು ಪ್ರಾಣಿ ವಿಭಾಗದ ಹುಲ್ಲು ತುಂಬಿದ ಕರಡಿ. ಒಂದು ಕಿವಿ ಇಲ್ಲ. ವಿಚಾರಿಸಿದರೆ ಎಲ್ಲರದೂ ಒಂದೇ ಉತ್ತರ: “ಖಾಲಿ ಇತ್ತಲ್ಲ, ಅದಕ್ಕೆ.”

ನಿರ್ದೇಶಕರಿಗೆ ಪತ್ರ ಬರೆದೆ: ‘ಮಹಾಶೂನ್ಯದಲ್ಲಿ ಕರಡಿ ಇರುವುದು ವೈಜ್ಞಾನಿಕವಾಗಿ ಸರಿಯಲ್ಲ.’ ಅವರು ಅಂಚಿನಲ್ಲಿ ‘ತಾತ್ಕಾಲಿಕ’ ಎಂದು ಬರೆದು ವಾಪಸು ಕಳಿಸಿದರು. ಕರಡಿ ತಾತ್ಕಾಲಿಕವೋ ಶೂನ್ಯವೋ ತಿಳಿಯಲಿಲ್ಲ.

ಪ್ರೊಜೆಕ್ಟರನ್ನೂ ಜಮಖಾನವನ್ನೂ ನಾನೇ ಎಳೆದು ಹೊರಗೆ ಹಾಕಿದೆ. ಕರಡಿಯನ್ನು ಎಲೆಕ್ಟ್ರಿಷಿಯನ್ ತಳ್ಳುಗಾಡಿಯಲ್ಲಿ ಕೆಳಗಿಳಿಸಿದ. ಎಲ್ಲಿಡುವುದೆಂದು ಕೇಳಿದ. ಬಾಗಿಲು ತೆರೆದಿದ್ದದ್ದು ಕ್ಯಾಂಟೀನು ಮಾತ್ರ. ಅವಳು ಸಾಮಾನು ತರಲು ಹೋಗಿದ್ದಳು. ಮೂಲೆಯ ಮೇಜಿಗೆ ಕೂರಿಸಿ ಬಂದೆವು.

ಮಾರ್ಚ್ 15, ಶನಿವಾರ

ಸ್ಲೇಟಿನ ಮೇಲೆ: “ಕರಡಿಗೆ ಟೀ ಕೊಟ್ಟೆ. ಏನೂ ದೂರು ಹೇಳಲಿಲ್ಲ.”

ನಾನು ನಗಲಿಲ್ಲ. ಹಲ್ಲುಜ್ಜುವಾಗ ನೊರೆ ಮೂಗಿಗೆ ಹತ್ತಿ ಕೆಮ್ಮು ಬಂತು, ಅಷ್ಟೇ. ಕಾಗುಣಿತದ ತಪ್ಪೂ ಇರಲಿಲ್ಲ.

ಮಾರ್ಚ್ 19, ಬುಧವಾರ

ಎಲೆಕ್ಟ್ರಿಷಿಯನ್ ಉತ್ಸಾಹದಿಂದ ಏಳು ದೀಪ ತಂದು ಹಾಕಿದ. ಸ್ವಿಚ್ಚು ಒತ್ತಿದರೆ ಏಳೂ ಕೆಂಪು, ಹಸಿರು, ಕೆಂಪು, ಹಸಿರು ಎಂದು ಮಿಣುಕುತ್ತಿವೆ. ಯಾವುದೋ ಅಂಗಡಿಯ ಬೋರ್ಡಿನವಂತೆ.

“ಬೇಡವಾ ಅಕ್ಕ? ಕಳೆಗಟ್ಟಿತ್ತು ಕಣ್ರೀ.”

ಮತ್ತೆ ಏಣಿ ಹತ್ತಿಸಿದೆ. ಆರಕ್ಕೆ ಸರಿಯಾದ ದೀಪ ಸಿಕ್ಕಿತು. ಎಡಮೂಲೆಯ ಅರವತ್ತನೆಯದು ಏನು ಮಾಡಿದರೂ ಹತ್ತುವುದಿಲ್ಲ. ಇದನ್ನು ಸರಿಮಾಡದೆ ಬಿಡುವುದಿಲ್ಲ ಎಂದು ಅವನು ಮೀಸೆ ಮುಟ್ಟಿ ಹೇಳಿ ಹೋಗಿದ್ದಾನೆ.

ಮಧ್ಯಾಹ್ನ ಒಬ್ಬ ತಾಯಿ ಕಿರುಚುವ ಕೂಸನ್ನು ಎತ್ತಿಕೊಂಡು ದಾರಿ ತಪ್ಪಿ ಒಳಗೆ ಬಂದಳು. ಬಂದ ಎರಡು ನಿಮಿಷಕ್ಕೆ ಕೂಸು ಗಪ್‌ಚಿಪ್. ದೀಪ ನೋಡುತ್ತಾ ನಿದ್ದೆ ಹೋಯಿತು. ತಾಯಿಯೂ ಗೋಡೆಗೊರಗಿ ನಿದ್ದೆ ಹೋದಳು. ಹದಿನಾಲ್ಕನೆಯ ವಾಕ್ಯದಲ್ಲಿದ್ದ ನಾನು ನಿಲ್ಲಿಸಬೇಕಾಯಿತು. ಇಬ್ಬರೆಂದು ಲೆಕ್ಕ ಬರೆದುಕೊಂಡೆ.

ಮಾರ್ಚ್ 22, ಶನಿವಾರ

ಆ ತಾಯಿ ಊರೆಲ್ಲ ಹೇಳಿರಬೇಕು. ಇಂದು ಒಂಬತ್ತು ತಾಯಂದಿರು, ಒಂಬತ್ತು ಕೂಸು, ಒಬ್ಬ ಅಜ್ಜ. ಅಜ್ಜನ ಜೊತೆ ಕೂಸು ಇರಲಿಲ್ಲ. “ನನಗೇ ನಿದ್ದೆ ಬರಲ್ಲಮ್ಮ, ಅದಕ್ಕೆ ಬಂದೆ” ಎಂದ. ಅವನ ಗೊರಕೆಗೆ ಎರಡು ಕೂಸು ಎದ್ದವು.

ಇದು ವಿಜ್ಞಾನದ ಕೋಣೆ, ತೊಟ್ಟಿಲ ಮನೆಯಲ್ಲ ಎಂದು ಹೇಳಬೇಕೆಂದಿದ್ದೆ. ಎಲ್ಲರೂ ಮಲಗಿದ್ದರು. ಯಾರಿಗೆ ಹೇಳುವುದು?

ಮಾರ್ಚ್ 26, ಬುಧವಾರ

ಗಂಟಲು ಕಟ್ಟಿ ದನಿಯೇ ಹೊರಡುತ್ತಿಲ್ಲ. ಬಂದವರಿಗೆ ಕೈಸನ್ನೆಯಿಂದ ಕೂರಿ ಎಂದಷ್ಟೇ ಹೇಳುತ್ತೇನೆ. ವಿಚಿತ್ರವೆಂದರೆ ಜನ ಮೊದಲಿಗಿಂತ ಹೆಚ್ಚು ಹೊತ್ತು ಕೂರುತ್ತಿದ್ದಾರೆ. ಕಾಕತಾಳೀಯ.

ಹನ್ನೊಂದಕ್ಕೆ ಬಾಗಿಲ ಬಳಿ ಬಿಸಿನೀರಿನ ಫ್ಲಾಸ್ಕು ಇತ್ತು. ಯಾರು ಇಟ್ಟದ್ದೆಂದು ಎಲೆಕ್ಟ್ರಿಷಿಯನ್ನನ್ನು ಸನ್ನೆಯಲ್ಲೇ ಕೇಳಿದೆ.

“ಯಾರು ಅಂತ ಹೇಳಬಾರದು ಅಂದಿದ್ದಾರೆ ಅಕ್ಕ, ನಿಮ್ಮ ತಂಗಿ.”

ಒಟ್ಟು: ಮೂವತ್ತೆಂಟು.

ಏಪ್ರಿಲ್ 1, ಮಂಗಳವಾರ

ಶಾಲೆಯ ಮಕ್ಕಳು ಬಂದಿದ್ದರು, ನಲವತ್ತೆರಡು. ಮಾಸ್ತರು “ಐದು ನಿಮಿಷದಲ್ಲಿ ಮುಗಿಸಿ ಮೇಡಂ, ಕೆಳಗೆ ಡೈನೋಸಾರ್ ಇದೆ” ಎಂದರು. ಗಂಟಲು ಇನ್ನೂ ಪೂರ್ತಿ ಸರಿಯಾಗಿಲ್ಲ, ಆದ್ದರಿಂದ ಮಕ್ಕಳನ್ನು ಕೂರಿಸಿ, ಏನು ಕೇಳಬೇಕೋ ಕೇಳಿ ಎಂದೆ.

ಮುಂದಿನ ಎರಡು ಹಲ್ಲು ಬಿದ್ದ ಒಬ್ಬ ಹುಡುಗಿ, “ಇಲ್ಲಿ ಯಾಕೆ ಖಾಲಿ ಆಯ್ತು ಆಂಟಿ? ಜಗಳ ಆಯ್ತಾ?” ಎಂದಳು. ಎಲ್ಲ ನಕ್ಕವು.

“ಜಗಳ ಏನೂ ಆಗಿಲ್ಲ ಮರಿ. ಮೊದಲು ಇಲ್ಲಿ ಸುತ್ತಮುತ್ತಲಿಗಿಂತ ಒಂಚೂರೇ ಚೂರು ಕಮ್ಮಿ ಇತ್ತು. ಅಕ್ಕಪಕ್ಕ ಜಾಸ್ತಿ ಇದ್ದೋರು ತಮ್ಮ ಕಡೆ ಎಳ್ಕೊಂಡ್ರು. ಇನ್ನೊಂಚೂರು ಕಮ್ಮಿ ಆಯ್ತು. ಹಾಗೇ ಆಗ್ತಾ ಆಗ್ತಾ ಇಷ್ಟು ದೊಡ್ಡದಾಯ್ತು.”

“ಅಷ್ಟೇನಾ?”

“ಅಷ್ಟೇ.”

“ಮತ್ತೆ ಆ ದೀಪದಲ್ಲಿ ಇರೋರಿಗೆ ಪಕ್ಕದ ದೀಪ ಕಾಣ್ಸುತ್ತಾ?”

ಒಳ್ಳೆಯ ದೂರದರ್ಶಕ ಇದ್ದರೆ ಕಾಣಿಸೀತು, ಹುಡುಕಬೇಕು ಅಷ್ಟೇ ಎಂದೆ. ಆ ಹುಡುಗಿ ಎದ್ದು ಕೈಯನ್ನು ದುರ್ಬೀನಿನಂತೆ ಕಣ್ಣಿಗೆ ಹಿಡಿದು ಮೂಲೆ ಮೂಲೆ ನೋಡಿದಳು. ಆಮೇಲೆ ನಲವತ್ತೆರಡೂ ಮಕ್ಕಳು ಹಾಗೇ ನೋಡಿದವು. ಮಾಸ್ತರರೂ ನೋಡಿದರು. ಅರ್ಧ ಗಂಟೆಯಾಯಿತು.

ಅವರು ಹೋದ ಮೇಲೆ ಯಾಕೋ ಕ್ಯಾಂಟೀನಿಗೆ ಇಳಿದು ಚಹಾ ಕುಡಿದೆ. ತಂಗಿ ಬೇರೆ ಯಾರಿಗೋ ಬನ್ನು ಕೊಡುತ್ತಿದ್ದಳು, ನನ್ನ ಮುಖ ನೋಡದೆ ಲೋಟ ಇಟ್ಟಳು. ಕುಡಿಯುವಂತಿತ್ತು. ಇನ್ನೊಂದು ಕುಡಿದೆ. ಕರಡಿ ಇನ್ನೂ ಅಲ್ಲೇ ಇದೆ, ಕೊರಳಿಗೆ ‘ಇಂದು ಬಿಸಿ ಬನ್ನು ಲಭ್ಯ’ ಎಂಬ ಫಲಕ.

ಏಪ್ರಿಲ್ 3, ಗುರುವಾರ

ಸ್ಲೇಟಿನ ಮೇಲೆ: “ಬೇರೆ ಮನೆ ನೋಡಿದ್ದೇನೆ. 27ಕ್ಕೆ ಹೋಗುತ್ತೇನೆ.”

ಒಳ್ಳೆಯದೇ ಆಯಿತು. ಅವಳ ಮಹಡಿ ಕೋಣೆಯಲ್ಲಿ ನನ್ನ ಪುಸ್ತಕಗಳನ್ನು ಇಡಬಹುದು.

ಏಪ್ರಿಲ್ 4, ಶುಕ್ರವಾರ

ಅವಳು ಸ್ನಾನಕ್ಕೆ ಹೋದಾಗ ಮಹಡಿ ಕೋಣೆಯನ್ನು ಟೇಪಿನಿಂದ ಅಳೆದೆ. ಹನ್ನೆರಡು ಅಡಿಗೆ ಹದಿನಾಲ್ಕು. ಅಷ್ಟು ಪುಸ್ತಕ ನನ್ನ ಹತ್ತಿರ ಇಲ್ಲ.

ಏಪ್ರಿಲ್ 8, ಮಂಗಳವಾರ

ಬಂದವರು ಅರವತ್ತೊಂದು. ಬೇರೆ ವಿಶೇಷವಿಲ್ಲ.

ಏಪ್ರಿಲ್ 12, ಶನಿವಾರ

ಬರೆಯಲು ಬಹಳ ಇದೆ. ಅಂಗೈಯ ಕಪ್ಪು ಬಣ್ಣ ಸೀಮೆಎಣ್ಣೆ ಹಾಕಿ ಉಜ್ಜಿದರೂ ಹೋಗಿಲ್ಲ, ಪುಟಕ್ಕೆ ಮೆತ್ತಿಕೊಳ್ಳುತ್ತಿದೆ.

ಸಮಿತಿ ಬರುತ್ತದೆಂದು ನಿರ್ದೇಶಕರು ಬೆಳಿಗ್ಗೆ ಬೆಳಿಗ್ಗೆ ಕೋಣೆಯ ಬಾಗಿಲ ಒಳಮೈಗೂ ಗೋಡೆಗಳ ಕೆಳಭಾಗಕ್ಕೂ ಮತ್ತೊಮ್ಮೆ ಕಪ್ಪು ಬಳಿಸಿದ್ದರು. ಹಿಡಿಯನ್ನೂ ಬಿಟ್ಟಿರಲಿಲ್ಲ. ಬಾಗಿಲು ಮುಚ್ಚಿದರೆ ಬಾಗಿಲಿದೆ ಎಂದೇ ತಿಳಿಯದು. ಸಮಿತಿಯಲ್ಲಿ ಮೂವರು: ಇಬ್ಬರು ಗಂಡಸರು, ಮತ್ತು ಅಧ್ಯಕ್ಷೆಯಾಗಿ ಬೆಳ್ಳಿಕೂದಲಿನ ನಿವೃತ್ತ ವಿಜ್ಞಾನಿ. ಮೊಬೈಲಿನ ಬೆಳಕು ಶೂನ್ಯಕ್ಕೆ ಆಗಿಬರುವುದಿಲ್ಲವೆಂದು ನಾನು ಎಲ್ಲರ ಫೋನನ್ನೂ ಹೊರಗಿನ ಬುಟ್ಟಿಯಲ್ಲಿ ಇಡಿಸಿದೆ. ನಿರ್ದೇಶಕರದನ್ನೂ, ನನ್ನದನ್ನೂ. ಒಳಗೆ ಐದಾರು ತಾಯಂದಿರು ಕೂಸುಗಳೊಂದಿಗೆ ಮಲಗಿದ್ದರು. ನಿರ್ದೇಶಕರು ಗಂಟಲು ಸರಿಮಾಡಿಕೊಂಡು ಭಾಷಣ ಶುರು ಮಾಡಿದರು.

ಅದೇ ಹೊತ್ತಿಗೆ ಎಲೆಕ್ಟ್ರಿಷಿಯನ್, ಸಮಿತಿಯ ಎದುರು ಅರವತ್ತನೆಯ ಗೆಲಾಕ್ಸಿಯನ್ನೂ ಹತ್ತಿಸಿ ತೋರಿಸೋಣವೆಂದು ಹೊರಗಿನ ಪೆಟ್ಟಿಗೆಯಲ್ಲಿ ಯಾವುದೋ ತಂತಿ ಮುಟ್ಟಿದ. ‘ಟಪ್’ ಎಂದಿತು. ಇಡೀ ಮೂರನೆಯ ಮಹಡಿಯೇ ಆರಿಹೋಯಿತು.

ಅಂಥ ಕತ್ತಲನ್ನು ನಾನು ನೋಡಿರಲಿಲ್ಲ. ಕಣ್ಣು ತೆರೆದರೂ ಅದೇ, ಮುಚ್ಚಿದರೂ ಅದೇ.

“ಬಾಗಿಲೆಲ್ಲಿದೆ?” ಎಂದರು ನಿರ್ದೇಶಕರು. “ಯಾರದು ನನ್ನ ಕೈ ಹಿಡಿದಿರೋದು?” ಎಂದರು ಒಬ್ಬ ಸದಸ್ಯರು. “ನಾನೇ ಕಣ್ರೀ, ಬಿಡಬೇಡಿ” ಎಂದರು ಇನ್ನೊಬ್ಬರು. ಗೋಡೆ ತಡವಿದವರ ಕೈಗೆಲ್ಲ ಹಸಿ ಬಣ್ಣ. ನನಗೆ ಆ ಕೋಣೆಯ ಒಂದೊಂದು ಅಡಿಯೂ ಗೊತ್ತು ಎಂದುಕೊಂಡಿದ್ದೆ. ನಾಲ್ಕು ಹೆಜ್ಜೆ ಹಾಕಿದ್ದಕ್ಕೆ ದಿಕ್ಕೇ ತಪ್ಪಿತು. ಹೇಳಲು ಒಂದು ಮಾತೂ ಹೊಳೆಯಲಿಲ್ಲ.

ಆಗ ಎಲ್ಲಿಂದಲೋ ಬಾಗಿಲು ಕಿರ್ ಎಂದಿತು.

“ಅಕ್ಕಾ? ಎಲ್ಲಿದ್ದೀಯಾ?”

ಸಮಿತಿಗೆಂದು ಚಹಾ ತಂದಿದ್ದಳು. ಆಚೆಯ ಓಣಿಯೂ ಕತ್ತಲು. ಒಂದು ಕೈಯಲ್ಲಿ ಕೆಟಲ್, ಇನ್ನೊಂದರಲ್ಲಿ ಲೋಟಗಳ ತಟ್ಟೆ.

“ಇಲ್ಲೇ ಇದ್ದೀನಿ” ಎಂದೆ.

“ಇಲ್ಲೇ ಅಂದ್ರೆ ಎಲ್ಲಿ? ನಿನ್ ಮನೆ ಹಾಳಾಗ!”

ಇಬ್ಬರದೂ ಒಂದೇ ಮನೆ ಎಂಬುದು ಆ ಗಡಿಬಿಡಿಯಲ್ಲಿ ಅವಳಿಗೆ ಮರೆತಿತ್ತು. “ಅಲ್ಲೇ ನಿಂತ್ಕೊಂಡು ಮಾತಾಡ್ತಾ ಇರು, ದನಿ ಹಿಡ್ಕೊಂಡು ಬರ್ತೀವಿ” ಎಂದೆ.

“ಏನು ಮಾತಾಡ್ಲಿ?”

“ಏನಾದ್ರೂ ಮಾತಾಡು. ನಿಲ್ಲಿಸಬೇಡ.”

ಲೋಟಗಳ ತಟ್ಟೆಯನ್ನು ನೆಲಕ್ಕಿಟ್ಟ ಸದ್ದು ಕೇಳಿತು. ಆಮೇಲೆ ಶುರುವಾಯಿತು ನೋಡಿ. “ಬಚ್ಚಲ ನಲ್ಲಿ ಸೋರ್ತಾ ಇದೆ. ಸ್ಲೇಟಲ್ಲಿ ಬರೆದ್ರೆ ನೀನು ನಲ್ಲಿ ರಿಪೇರಿ ಮಾಡಿಸಲ್ಲ, ಕಾಗುಣಿತ ರಿಪೇರಿ ಮಾಡ್ತೀಯ. ನಿನ್ನ ಅಲಾರಂ ಐದಕ್ಕೆ ಹೊಡೆಯುತ್ತೆ, ನೀನು ಏಳೋದು ಏಳಕ್ಕೆ. ಆ ಎರಡು ಗಂಟೆ ಮಹಡಿ ಕೋಣೇಲಿ ನಾನು ಸೂರು ನೋಡ್ತಾ ಬಿದ್ದಿರ್ತೀನಿ. ಹೋದ ತಿಂಗಳು ನಂಗೆ ಜ್ವರ ಬಂದಿತ್ತು, ಗೊತ್ತಾ ನಿಂಗೆ? ಆ ಕರಡಿ ಹತ್ರ ಹೇಳ್ಕೊಂಡೆ...”

ನಾನು ಮುಂದೆ, ನನ್ನ ಸೆರಗು ಹಿಡಿದು ನಿರ್ದೇಶಕರು, ಅವರ ಕೋಟು ಹಿಡಿದು ಒಬ್ಬ ಸದಸ್ಯರು, ಅವರ ಹಿಂದೆ ಇನ್ನೊಬ್ಬರು. ದಾರಿಯುದ್ದಕ್ಕೂ ನಮ್ಮ ಮನೆಯ ಹಣೆಬರಹವೆಲ್ಲ ಸಂಸ್ಥೆಯ ಮೇಲಧಿಕಾರಿಗಳ ಕಿವಿಗೆ ಬಿತ್ತು. ಒಬ್ಬರೂ ತುಟಿ ಪಿಟಕ್ಕೆನ್ನಲಿಲ್ಲ, ದನಿ ನಿಂತರೆ ದಾರಿ ತಪ್ಪೀತೆಂಬ ಭಯ. ಕೊನೆಗೆ ನನ್ನ ಕೈಗೆ ಬಿಸಿ ಕೆಟಲ್ ತಾಗಿತು.

“ಸಿಕ್ಕಿದೆ” ಎಂದೆ.

“ಹ್ಞೂಂ” ಎಂದಳು.

ದೀಪ ಬಂದಾಗ ನಿರ್ದೇಶಕರ ಬೆನ್ನಮೇಲೆ ಐದು ಬೆರಳು ಸ್ಪಷ್ಟವಾಗಿ ಮೂಡಿದ್ದವು. ಅಧ್ಯಕ್ಷೆ ಎಲ್ಲಿ ಎಂದು ಹುಡುಕಿದರೆ, ಆಕೆ ಕೋಣೆಯ ನಡುವೆ ತಾಯಂದಿರ ಪಕ್ಕದಲ್ಲಿ ಚಕ್ಕಳಮಕ್ಕಳ ಹಾಕಿ ಕೂತಿದ್ದರು. ಕದಲಿಯೇ ಇರಲಿಲ್ಲ.

“ನಲವತ್ತು ವರ್ಷದಲ್ಲಿ ಎಷ್ಟು ಕಡೆ ಸಮಿತಿ ಅಂತ ಹೋಗಿದ್ದೀನಿ” ಎಂದರು ಆಕೆ. “ಕಾಲು ಗಂಟೆ ನನಗೆ ಯಾರೂ ಏನೂ ತೋರಿಸದೆ ಇದ್ದದ್ದು ಇದೇ ಮೊದಲು. ಈ ಕೋಣೆ ಇರಲಿ. ಇಲ್ಲಿ ಏನನ್ನೂ ಇಡಬೇಡಿ.” ಆಮೇಲೆ ಚಹಾ ಕುಡಿದು, ಇನ್ನೊಂದು ಲೋಟ ಕೇಳಿದರು.

ಅರವತ್ತನೆಯ ದೀಪ ಹತ್ತಿಲ್ಲ. ಎಲೆಕ್ಟ್ರಿಷಿಯನ್ ಮೀಸೆಯ ಒಂದು ತುದಿ ಸುಟ್ಟುಕೊಂಡಿದ್ದಾನೆ.

ಸಂಜೆ ಬಸ್ಸಿನಲ್ಲಿ ಬೇರೆ ಸೀಟು ಖಾಲಿ ಇರಲಿಲ್ಲ. ಪಕ್ಕಪಕ್ಕ ಕೂತೆವು. ನಾಳೆ ಹೊಸ ಮನೆ ನೋಡಲು ಬರುತ್ತೀಯಾ ಎಂದಳು.

ಏಪ್ರಿಲ್ 13, ಭಾನುವಾರ

ಹೋಗಿದ್ದೆ. ಒಂದು ಕೋಣೆ, ಅಡುಗೆಗೆ ಮೂಲೆ, ಕಿಟಕಿಯಲ್ಲಿ ಬಿಸಿಲು. ನಲ್ಲಿ ಸೋರುವುದಿಲ್ಲ. ಮನೆಯ ಮಾಲೀಕರು “ಚೆನ್ನಾಗಿದೆಯಾ?” ಎಂದು ನನ್ನನ್ನೇ ಕೇಳಿದರು. ಕಿಟಕಿಯ ಕೊಂಡಿ ಸಡಿಲ, ಗೋಡೆಯಲ್ಲಿ ತೇವ, ಮೆಟ್ಟಿಲು ಕಡಿದು, ಎಲ್ಲ ನಾಲಗೆಯ ತುದಿಗೆ ಬಂತು. ತಂಗಿ ಪುಟ್ಟಿ ನನ್ನ ಮುಖವನ್ನೇ ನೋಡುತ್ತಿದ್ದಳು. “ಚೆನ್ನಾಗಿದೆ” ಎಂದೆ.

ಹಿಂತಿರುಗುವಾಗ ನಡೆದೇ ಬಂದೆವು. ಧೈರ್ಯ ಮಾಡಿ, “ಅವತ್ತು ಚಹಾ ಬಗ್ಗೆ ಹಾಗಂದಿದ್ದು ತಪ್ಪಾಯ್ತು” ಎಂದೆ.

“ಯಾವ ಚಹಾ?”

“ಒಂಬತ್ತು ತಿಂಗಳು ಮಾತು ಬಿಟ್ಟಿದ್ದು ಅದಕ್ಕೇ ಅಲ್ವಾ?”

“ಅಯ್ಯೋ, ಅದಕ್ಕಲ್ಲಕ್ಕ! ಅವತ್ತು ಬೆಳಿಗ್ಗೆ ಕ್ಯಾಂಟೀನು ಪೂರ್ತಿ ನಂಗೇ ವಹಿಸಿಕೊಟ್ರು. ಮೊದಲು ನಿಂಗೇ ಹೇಳ್ಬೇಕು ಅಂತ ಓಡಿ ಬಂದೆ. ಡೈನೋಸಾರ್ ಹೊಟ್ಟೇಲಿ ಕಲ್ಲು ಇರ್ತಿತ್ತೋ ಇಲ್ಲವೋ ಅಂತ ಇಪ್ಪತ್ತು ನಿಮಿಷ ಹೇಳಿದೆ ನೀನು. ಹೇಳೋಕೆ ಜಾಗವೇ ಸಿಗ್ಲಿಲ್ಲ. ಆಮೇಲೆ ಬೇಡ ಅನ್ನಿಸ್ತು.”

ಕ್ಯಾಂಟೀನು ಒಂಬತ್ತು ತಿಂಗಳಿಂದ ಇವಳದೇ ಎಂಬುದು ನನಗೆ ಗೊತ್ತೇ ಇರಲಿಲ್ಲ. ಅಲ್ಲಿ ಕೆಲಸಕ್ಕಿದ್ದಾಳೆ ಎಂದೇ ತಿಳಿದಿದ್ದೆ.

“ಈಗ ಹೇಳು” ಎಂದೆ.

ಹೇಳಿದಳು. ಮೊದಲ ದಿನ ಹಾಲು ಉಕ್ಕಿಸಿದ್ದು, ಬನ್ನಿನವನ ಜೊತೆ ಜಗಳ, ಒಂಟಿಯಾಗಿ ಬೀಗ ಹಾಕುವಾಗ ಖುಷಿಯಾಗುವುದು, ತನ್ನದೇ ಒಂದು ಮನೆಯೂ ಬೇಕೆನಿಸಿದ್ದು. ಮನೆ ಮುಟ್ಟುವವರೆಗೂ ಅವಳೇ ಮಾತಾಡಿದಳು. ನನಗೂ ಹೇಳುವುದು ಬೇಕಾದಷ್ಟಿತ್ತು. ಸಮಯ ಸಿಗಲಿಲ್ಲ.

ಏಪ್ರಿಲ್ 16, ಬುಧವಾರ

ನಿರ್ದೇಶಕರು ಅಧ್ಯಕ್ಷೆಯ ಮಾತನ್ನು ಪಾಲಿಸಿದ್ದಾರೆ. ‘ಇಲ್ಲಿ ಏನನ್ನೂ ಇಡಬಾರದು’ ಎಂಬ ಆರಡಿ ಎತ್ತರದ ಫಲಕವನ್ನು ಮಾಡಿಸಿ ಕೋಣೆಯ ನಟ್ಟನಡುವೆ ಇಡಿಸಿದ್ದಾರೆ.

ಎಲೆಕ್ಟ್ರಿಷಿಯನ್ನನ್ನೂ ತಳ್ಳುಗಾಡಿಯನ್ನೂ ಕರೆದಿದ್ದೇನೆ.

ಏಪ್ರಿಲ್ 27, ಭಾನುವಾರ

ಪುಟ್ಟಿಯ ಸಾಮಾನು ಸಾಗಿಸಿದೆವು. ಪಾತ್ರೆ, ಬಟ್ಟೆ, ಕನ್ನಡಿ ಎಲ್ಲ ಸಲೀಸಾಗಿ ಹೋಯಿತು. ಮಂಚ ಮಾತ್ರ ಹೊಸ ಮನೆಯ ಮೆಟ್ಟಿಲ ತಿರುವಿನಲ್ಲಿ ಸಿಕ್ಕಿಹಾಕಿಕೊಂಡಿತು. ಮೇಲೂ ಹೋಗದು, ಕೆಳಗೂ ಬಾರದು. ಅವಳು ಮೇಲಿನ ಮೆಟ್ಟಿಲಲ್ಲಿ, ನಾನು ಕೆಳಗೆ, ನಡುವೆ ಅಡ್ಡಲಾಗಿ ಮಂಚ. ಸ್ವಲ್ಪ ತಳ್ಳಿದೆವು. ಆಮೇಲೆ ಇಬ್ಬರೂ ಅಲ್ಲಲ್ಲೇ ಕೂತೆವು.

ಅಮ್ಮ ಒಮ್ಮೆ ಇದೇ ಮಂಚದ ಕೆಳಗೆ ಅಡಗಿ ನಮ್ಮಿಬ್ಬರನ್ನೂ ಹೆದರಿಸಿದ್ದನ್ನು ಅವಳು ಹೇಳಿದಳು. ಹೆದರಿದ್ದು ಅವಳು ಮಾತ್ರ ಎಂದೆ. ಅಲ್ಲ, ನೀನು ಉಚ್ಚೆ ಹೊಯ್ದುಕೊಂಡಿದ್ದೆ ಎಂದಳು. ಅದರಿಂದ ಇನ್ನೆಲ್ಲಿಗೋ ಮಾತು ಹೋಯಿತು. ಮಂಚದ ಕಾಲುಗಳ ಸಂದಿಯಿಂದ ಅವಳ ಮೊಣಕಾಲು ಮತ್ತು ಅರ್ಧ ಮುಖ ಕಾಣುತ್ತಿತ್ತು. ನಗುವಾಗ ಮೊಣಕಾಲೂ ಕುಣಿಯುತ್ತಿತ್ತು.

ಎರಡು ಗಂಟೆಯಾದ ಮೇಲೆ, ಮೇಲಿನ ಮನೆಗೆ ಹೋಗಲು ದಾರಿಯಿಲ್ಲದೆ ಮಾಲೀಕರೇ ನಮ್ಮ ಎಲೆಕ್ಟ್ರಿಷಿಯನ್ನನ್ನು ಕರೆಸಿದರು; ಅವರ ಮನೆಯ ವೈರಿಂಗೂ ಅವನದೇ ಕೆಲಸವಂತೆ. ಅವನು ಬಂದು ನಾಲ್ಕು ತಿರುಪು ಬಿಚ್ಚಿದ. ಮಂಚದ ಕಾಲು ಕಳಚಿತು. ಎರಡೇ ನಿಮಿಷದ ಕೆಲಸ.

“ಮೊದಲೇ ಒಂದು ಫೋನ್ ಮಾಡೋದಲ್ವಾ ಅಕ್ಕ?” ಎಂದ.

ಫೋನು ನನ್ನ ಕೈಚೀಲದಲ್ಲೇ ಇತ್ತು. ಅವಳದೂ ಅವಳ ಹತ್ತಿರವೇ ಇತ್ತಂತೆ.